ಸಂಜೆಯ ಕೇರಿಗೆ ಬಡ್ತಿ

ನನ್ನ ಅಂಗಡಿಯಲ್ಲಿ ಊಟ ಸಿಗುವುದಿಲ್ಲ. ಹೊಸಬರು ಬಂದು ಕೇಳುತ್ತಾರೆ, ನನ್ನ ಕೈಲಿ ಬೈಸಿಕೊಳ್ಳುತ್ತಾರೆ. ನಾನಿರುವುದು ಬೆಳಗಿನ ಕೇರಿಯಲ್ಲಿ. ಇಲ್ಲಿ ಸೂರ್ಯ ತೆಂಗಿನ ಸುಳಿಯ ತನಕ ಏರಿ ನಿಂತನೆಂದರೆ ರಾತ್ರಿ ಬೀಳುವವರೆಗೂ ಅಲ್ಲಾಡುವುದಿಲ್ಲ. ಎಳೆ ಬಿಸಿಲಲ್ಲಿ ಕೂತು ಅನ್ನ ಸಾರು ಯಾರು ಕಲಸುತ್ತಾರೆ? ಇಡ್ಲಿ ಇದೆ, ಉಪ್ಪಿಟ್ಟಿದೆ, ಕಾಫಿ ಇದೆ, ಎಷ್ಟು ಸಲ ಬೇಕಾದರೂ ತಿನ್ನಿ. ಊಟವೇ ಬೇಕೆಂದರೆ ಕಾಲುವೆ ದಾಟಿ ಮಧ್ಯಾಹ್ನದ ಪೇಟೆಗೆ ಹೋಗಿ ಉಂಡು, ಅಲ್ಲೇ ಜಗಲಿಯ ಮೇಲೆ ಒಂದು ನಿದ್ದೆ ತೆಗೆದು ಬರಬೇಕು. ನಮ್ಮ ಹೆಂಗಸರು ಸಂಡಿಗೆ, ಹಪ್ಪಳ, ಒಗೆದ ಬಟ್ಟೆ ಎಲ್ಲವನ್ನೂ ಅಲ್ಲಿಗೇ ಹೊತ್ತುಕೊಂಡು ಹೋಗಿ ಒಣಗಿಸಿ ತರುತ್ತಾರೆ. ಅದರಾಚೆ ಮರದ ಸೇತುವೆ, ಸೇತುವೆಯಾಚೆ ಸಂಜೆಯ ಕೇರಿ. ಅಲ್ಲಿ ಯಾವಾಗಲೂ ಗೋಧೂಳಿ. ಮಲ್ಲಿಗೆ ಮೊಗ್ಗು ಬಿಡಿಸುವ ಹೆಂಗಸರೂ ಹೆಣ್ಣು ನೋಡಲು ಬಂದವರೂ ಅಲ್ಲಿ ತುಂಬಿರುತ್ತಾರೆ. ನಮ್ಮ ಕೇರಿಯ ಹಸುವನ್ನು ಅಲ್ಲಿಗೆ ಮಾರಿದರೆ ಪಾಪ, ಅದು ದಿನವಿಡೀ ಕೊಟ್ಟಿಗೆ ಹುಡುಕಿಕೊಂಡು ನಡೆಯುತ್ತಲೇ ಇರುತ್ತದೆ. ರಾತ್ರಿ ಮಾತ್ರ ಮೂರು ಕಡೆಗೂ ಒಟ್ಟಿಗೇ ಬೀಳುತ್ತದೆ, ಯಾರೋ ಮೇಲಿಂದ ಕಂಬಳಿ ಹೊದಿಸಿದ ಹಾಗೆ.

ನಮ್ಮೂರಿನ ನ್ಯಾಯಾಲಯವೂ ಸಂಜೆಯ ಕೇರಿಯಲ್ಲೇ ಇದೆ. ಬೆಳಗ್ಗೆ ಜಗಳಕ್ಕೆ ಎಲ್ಲರಿಗೂ ಶಕ್ತಿಯಿರುತ್ತದೆ, ಮಧ್ಯಾಹ್ನ ತಲೆ ಕಾದಿರುತ್ತದೆ, ಅದಕ್ಕೇ ತಣ್ಣಗಿರುವ ಕಡೆ ಕಟ್ಟಿಸಿದ್ದಾರೆ ಎಂದು ನಮ್ಮ ಮಾವ ಹೇಳುತ್ತಿದ್ದರು. ಸರಿಯಾಗಿಯೇ ಕಟ್ಟಿಸಿದ್ದಾರೆ. ಆದರೆ ಅಂಬುಜಾಕ್ಷಿಯ ವಿಷಯದಲ್ಲಿ ಆ ಜಾಗವೇ ದೊಡ್ಡ ತಲೆನೋವಾಯಿತು.

ಅಂಬುಜಾಕ್ಷಿ ನನ್ನ ಅಂಗಡಿಯ ಎದುರಿನ ನೆರಳು ಮೋಜಣಿ ಕಚೇರಿಯಲ್ಲಿ ಕೆಲಸಕ್ಕಿದ್ದಳು. ನಮ್ಮೂರಲ್ಲಿ ನೆರಳು ಬಿದ್ದಲ್ಲೇ ಬಿದ್ದಿರುತ್ತದಲ್ಲ, ಹಾಗಾಗಿ ಅದಕ್ಕೂ ಒಡೆತನ, ಅದಕ್ಕೂ ವ್ಯಾಜ್ಯ. ನಿನ್ನ ಗೋಡೆಯ ನೆರಳು ನನ್ನ ತುಳಸಿಯ ಮೇಲೆ ಬಿತ್ತು ಎಂದು ಒಬ್ಬರು, ನಿನ್ನ ಹೊಸ ಸೂರಿನಿಂದ ನಮ್ಮ ಅಂಗಳಕ್ಕೆ ಬಿಸಿಲೇ ಇಲ್ಲ ಎಂದು ಇನ್ನೊಬ್ಬರು. ಅಂಥ ಕಡೆ ಹೋಗಿ, ಕೋಲು ಹಿಡಿದು ಅಳೆದು, ಸೀಮೆಸುಣ್ಣದಲ್ಲಿ ಗೆರೆ ಎಳೆದು ಬರುವುದು ಅವಳ ಕೆಲಸ. ಅವಳು ಎಳೆದ ಗೆರೆಯನ್ನು ಯಾರೂ ಅಳಿಸಿದ್ದಿಲ್ಲ. ನಗುವುದು ಕಡಿಮೆ, ಮಾತು ಇನ್ನೂ ಕಡಿಮೆ. ನನ್ನ ಹತ್ತಿರ ಮಾತ್ರ ಕಾಫಿ ಲೋಟ ಹಿಡಿದು ಕೂತು ನಾಲ್ಕು ಮಾತಾಡುತ್ತಿದ್ದಳು. ಆ ನಾಲ್ಕು ಮಾತಿನಲ್ಲಿ ಮೂರು ಗಂಡನ ಮೇಲಿನ ದೂರು.

ಗಂಡ ದೊರೆಸ್ವಾಮಿ ದರ್ಜಿ. ಮನೆಯ ಪಡಸಾಲೆಯಲ್ಲೇ ಮಿಷನ್ನು ಇಟ್ಟುಕೊಂಡು, ಹಾಡಿಕೊಂಡು, ಹೋಗಿ ಬರುವವರನ್ನೆಲ್ಲ ನಿಲ್ಲಿಸಿ ಮಾತಾಡಿಸಿಕೊಂಡು ಹೊಲಿಯುತ್ತಿದ್ದರು. ಮಕ್ಕಳಿಲ್ಲ. ಅವಳು ನೆರಳಿನ ಅಳತೆ ತೆಗೆಯುವವಳು, ಅವರು ಮೈಯ ಅಳತೆ ತೆಗೆಯುವವರು. 'ನಿಮ್ಮಿಬ್ಬರ ಮನೇಲಿ ಟೇಪು ಯಾರದು, ಕೋಲು ಯಾರದು ಅಂತ ಹೆಂಗೆ ಗೊತ್ತಾಗುತ್ತೆ?' ಎಂದು ನಾನು ರೇಗಿಸುತ್ತಿದ್ದೆ. ದೊರೆಸ್ವಾಮಿಯವರಿಗೆ ಒಂದೇ ಒಂದು ತೊಂದರೆಯಿತ್ತು. ಅದು ಅವಳಿಗೂ ನನಗೂ ಬಿಟ್ಟರೆ ಯಾರಿಗೂ ಗೊತ್ತಿಲ್ಲ ಎಂದು ನಾವಿಬ್ಬರೂ ತಿಳಿದಿದ್ದೆವು.

ಹಿಂದೊಮ್ಮೆ ಸಂಜೆಯ ಕೇರಿಯ ಮದುವೆಗೆ ಮೂವರೂ ಹೋಗಿದ್ದೆವು. ಸೇತುವೆ ದಾಟಿ ಸ್ವಲ್ಪ ಹೊತ್ತಿಗೆ ದೊರೆಸ್ವಾಮಿ ಮಂಕಾದರು. ಪಂಕ್ತಿಯಲ್ಲಿ ಕೂತವರು ಪಕ್ಕಕ್ಕೆ ತಿರುಗಿ ಹೆಂಡತಿಯನ್ನೇ, 'ತಾಯಿ, ನೀವು ಗಂಡಿನ ಕಡೆಯೋರಾ, ಹೆಣ್ಣಿನ ಕಡೆಯೋರಾ?' ಎಂದು ಕೇಳಿದರು. ತಮಾಷೆ ಎಂದುಕೊಂಡು ನಾನು ಕಿಸಕ್ಕನೆ ನಕ್ಕೆ. ಅಂಬುಜಾಕ್ಷಿಯ ಮುಖ ನೋಡಿದ ಮೇಲೆ ತಮಾಷೆಯಲ್ಲ ಎಂದು ತಿಳಿಯಿತು. ಎಲೆ ಬಿಟ್ಟು ಎದ್ದು ಅವರನ್ನು ಕರೆದುಕೊಂಡು ಬಂದೆವು. ಕಾಲುವೆ ದಾಟಿ ನಮ್ಮ ಕೇರಿಯ ಬಿಸಿಲು ಮುಖಕ್ಕೆ ಬಿದ್ದದ್ದೇ ತಡ, 'ಅಂಬೂ, ಪಾಯಸ ಬಡಿಸೋಕೆ ಮುಂಚೆ ಯಾಕೆ ಎಬ್ಬಿಸ್ಕೊಂಡು ಬಂದ್ಯೇ?' ಎಂದು ಗದರಿದರು. ಅಲ್ಲಿ ಏನಾಯಿತೆಂಬುದು ಅವರಿಗೆ ನೆನಪೇ ಇರಲಿಲ್ಲ. ಅವಳೂ ಹೇಳಲಿಲ್ಲ. ಅಂದಿನಿಂದ ಸಂಜೆಯ ಕೇರಿಯ ಮದುವೆ ಮುಂಜಿಗೆಲ್ಲ ಅವಳೊಬ್ಬಳೇ ಹೋಗಿ ಬರುತ್ತಿದ್ದಳು.

ಹೀಗಿರುವಾಗ ಬಡ್ತಿಯ ಆದೇಶ ಬಂತು. ಹಿರಿಯ ಮೋಜಣಿದಾರಳು. ಅವಳ ನಂತರ ಸೇರಿದವರೆಲ್ಲ ಮುಂದೆ ಹೋಗಿ ಕೂತಿದ್ದರು, ಅವಳ ಹೆಸರು ಮಾತ್ರ ಪ್ರತಿ ಸಲವೂ ಎಲ್ಲೋ ಸಿಕ್ಕಿಕೊಂಡು ನಿಂತುಬಿಡುತ್ತಿತ್ತು. ಬೇರೆಯವರಿಗೆ ಬಡ್ತಿ ಬಂದಾಗಲೆಲ್ಲ ಅವಳು ನನ್ನಲ್ಲಿ ಬಂದು ಕಾಫಿಗೆ ಸಕ್ಕರೆ ಬೇಡ ಅನ್ನುತ್ತಿದ್ದಳು, ಅಷ್ಟರಿಂದಲೇ ನನಗೆ ತಿಳಿಯುತ್ತಿತ್ತು. ಆ ದಿನ ಮಾತ್ರ ಕಚೇರಿಯವರೆಲ್ಲ ಹೋ ಎಂದು ಹೊರಗೆ ಬಂದರು. ಹಾರ ಹಾಕಿದರು. ಒಂದು ಆಟೋದಲ್ಲಿ ಕೂರಿಸಿಕೊಂಡು ಹೊರಟೇಬಿಟ್ಟರು. ಅವಳ ಮುಖ ಇಷ್ಟಗಲ ಆಗಿತ್ತು. ನಾನು ಅವಳನ್ನು ಹಾಗೆ ನೋಡಿಯೇ ಇರಲಿಲ್ಲ. ಇತ್ತ ದೊರೆಸ್ವಾಮಿ ಮಿಷನ್ನು ಬಿಟ್ಟೆದ್ದು ಕೇರಿಗೆಲ್ಲ ಪೇಡ ಹಂಚುತ್ತಿದ್ದರು.

ಆ ಇಲಾಖೆಯಲ್ಲಿ ಒಂದು ಪದ್ಧತಿ ಇದೆ. ಬಡ್ತಿಯಾದವರನ್ನು ಹೊಸ ಕಚೇರಿಯ ಅಂಗಳದಲ್ಲಿ ನಿಲ್ಲಿಸಿ, ನೆಲದ ಮೇಲೆ ಬಿದ್ದ ಅವರ ನೆರಳಿನ ಸುತ್ತ ಗೆರೆ ಎಳೆಯುತ್ತಾರೆ. ಗೆರೆಯ ಎರಡು ತುದಿ ಕೂಡಿತೋ, ಅವರು ಅಧಿಕಾರ ವಹಿಸಿಕೊಂಡರು ಎಂದು ಲೆಕ್ಕ. ಸಹಿಗಿಲ್ಲ ಆ ಬೆಲೆ. ಅಂಬುಜಾಕ್ಷಿಯನ್ನು ಕರೆದೊಯ್ದದ್ದು ಸಂಜೆಯ ಕೇರಿಯ ಕಚೇರಿಗೆ. ಹಾರದ ಘಮ, ಎಲ್ಲರ ಚಪ್ಪಾಳೆ, ಹಿತವಾದ ಬೆಳಕು, ಅವಳು ನಿಂತಳು. ಉದ್ದಕ್ಕೆ ಬಿದ್ದಿದ್ದ ಅವಳ ನೆರಳಿನ ಸುತ್ತ ಜವಾನ ಬಗ್ಗಿ ಗೆರೆ ಎಳೆಯುತ್ತಾ ಬಂದ. ತುದಿ ಕೂಡಿಸಿ ಎದ್ದು ಮಂಡಿಯ ಧೂಳು ಕೊಡವಿಕೊಳ್ಳುತ್ತಾ, 'ಇನ್ನು ಇಲ್ಲೇ ಒಂದು ಮನೆ ನೋಡ್ಕೋಬೇಕಮ್ಮ' ಎಂದ. ಆಗ ಅವಳಿಗೆ ಗಂಡ ನೆನಪಾದರು. ಕುರ್ಚಿ ಯಾವ ಕೇರಿಯಲ್ಲೋ ಮನೆಯೂ ಅದೇ ಕೇರಿಯಲ್ಲಿರಬೇಕು, ಅದು ಇಲಾಖೆಯ ನಿಯಮ. ಬೆಳಗಿನ ಕೇರಿಯಲ್ಲಿ ಮಲಗಿ ಎದ್ದ ಕಣ್ಣು ಸಂಜೆಯ ನೆರಳನ್ನು ತಪ್ಪು ಅಳೆಯುತ್ತದೆ ಎಂದು ಯಾವ ಕಾಲದಲ್ಲೋ ಯಾರೋ ಬರೆದಿಟ್ಟುಹೋಗಿದ್ದರು.

ಓಡೋಡಿ ಬಂದು ನನ್ನ ಬೆಂಚಿನ ಮೇಲೆ ಕುಸಿದು ಕೂತಳು. ಹಾರ ಇನ್ನೂ ಕುತ್ತಿಗೆಯಲ್ಲೇ ಇತ್ತು.

'ಪುಟ್ಟತಾಯಕ್ಕ, ನಾನು ಅವರನ್ನ ಮರೆತೇಬಿಟ್ಟಿದ್ದೆ ಕಣಕ್ಕ,' ಎಂದಳು. 'ನಿಂತ್ಕೊಂಡು ಗೆರೆ ಎಳೆಸ್ಕೊಂಡೆ. ಒಂದು ಸಲಾನೂ ನೆನಪಾಗ್ಲಿಲ್ಲ.'

'ಬಿಡೇ, ಖುಷಿಯಲ್ಲಿ ಯಾರಿಗಾದರೂ ಆಗುತ್ತೆ. ನಾಳೆ ಹೋಗಿ ಬೇಡ ಅನ್ನು,' ಎಂದೆ.

ಮಾರನೆಯ ದಿನ ಸಾಹೇಬರ ಹತ್ತಿರ ಹೋಗಿ ಬೇಡ ಎಂದಳು. ಕೆಟ್ಟ ಮನುಷ್ಯನೇನೂ ಅಲ್ಲ ಆ ಸಾಹೇಬ, ಆದರೆ ನಿಯಮ ಎಂಬ ಮಾತು ಬಾಯಿಗೆ ಬಂದ ಕೂಡಲೇ ಕಣ್ಣು ಮುಚ್ಚಿಕೊಳ್ಳುವ ಜಾತಿ. 'ಗೆರೆ ಎಳೆದಾಯ್ತಲ್ಲಮ್ಮ, ಈಗ ಬೇಡ ಅಂದ್ರೆ ಹೆಂಗೆ? ಬಡ್ತೀನೂ ವರ್ಗಾವಣೇನೂ ಒಂದೇ ಆದೇಶದಲ್ಲಿದೆ, ಒಂದನ್ನ ಇಟ್ಕೊಂಡು ಒಂದನ್ನ ಬಿಡೋಕಾಗಲ್ಲ. ಈ ತಿಂಗಳು ಮುಗಿಯೋದ್ರೊಳಗೆ ಮನೆ ಬದಲಾಯಿಸಿ,' ಎಂದರಂತೆ. ಕಾರಣ ಏನೆಂದು ಕೇಳಿದಾಗ ಇವಳು ಮಂಡಿ ನೋವು ಎಂದಳಂತೆ. ಎಂಥ ಹೆಂಗಸು ನೋಡಿ! ಗಂಡನ ವಿಷಯ ಬಾಯಿ ಬಿಡಲಾರದೆ ಮಂಡಿಯ ಮೇಲೆ ಹಾಕಿ ಬಂದಿದ್ದಾಳೆ.

ನಾನು ಬೈದೆ. ಬೈದ ಮೇಲೆ ಒಂದು ಉಪಾಯವನ್ನೂ ಹೇಳಿದೆ. 'ದೊರೆಸ್ವಾಮಿಯವರು ಇಲ್ಲೇ ಇರ್ಲಿ. ನಾನು ಹೊತ್ತು ಹೊತ್ತಿಗೆ ನೋಡ್ಕೋತೀನಿ. ನೀನು ಅಲ್ಲೊಂದು ಕೋಣೆ ಮಾಡ್ಕೊಂಡಿರು, ರಜಾ ಸಿಕ್ಕಾಗ ಬಾ.'

ಅವಳು ಲೋಟ ಕೆಳಗಿಟ್ಟಳು. 'ನಾನು ಯಾರು ಅಂತ ಗೊತ್ತಿರೋ ಮನುಷ್ಯನ್ನ ಇಲ್ಲಿ ಬಿಟ್ಟು ಅಲ್ಲಿ ಕೂತು ಯಾರಿಗಕ್ಕ ನಾನು ಬಡ್ತಿ ತೋರಿಸ್ಲಿ?' ಎಂದಳು. ಒಲೆಯ ಕಡೆ ತಿರುಗಿ ಸುಮ್ಮನೆ ಇಡ್ಲಿ ಪಾತ್ರೆಯ ಮುಚ್ಚಳ ತೆಗೆದು ಹಾಕಿದೆ.

ಹಾಗಾಗಿ ವಕೀಲರ ಹತ್ತಿರ ಹೋದೆವು. ಬಸಪ್ಪಾಜಿ ಎಂದು, ಮಧ್ಯಾಹ್ನದ ಪೇಟೆಯವರು, ಅದಕ್ಕೇ ಸದಾ ಆಕಳಿಸುತ್ತಾ ಇರುತ್ತಾರೆ. ಆಕಳಿಕೆಯ ನಡುವೆಯೇ ಎಲ್ಲವನ್ನೂ ಕೇಳಿಸಿಕೊಂಡರು. 'ನೋಡಮ್ಮ, ವರ್ಗಾವಣೆ ಅನ್ನೋದು ನೌಕರಿಯ ಜೊತೇನೇ ಬರುತ್ತೆ. ಅದರೊಳಕ್ಕೆ ಕೋರ್ಟು ಸುಲಭವಾಗಿ ಕೈ ಹಾಕಲ್ಲ. ಅದರ ಮೇಲೆ ನೀನು ಗೆರೆ ಬೇರೆ ಎಳೆಸ್ಕೊಂಡಿದ್ದೀಯ. ಬಡ್ತೀನೂ ಬೇಕು, ಇಲ್ಲೇ ಇರ್ಬೇಕು ಅಂತ ಕೇಳಿದ್ರೆ ಎರಡೂ ಕೈ ಬಿಟ್ಟುಹೋಗುತ್ತೆ. ಬಡ್ತಿ ರದ್ದು ಮಾಡಿ, ಹಳೇ ಜಾಗಕ್ಕೇ ಕಳಿಸಿ ಅಂತ ಕೇಳೋಣ. ಅದಕ್ಕೂ ಬಲವಾದ ಕಾರಣ ಬೇಕು. ನಿನ್ನ ಯಜಮಾನರನ್ನ ಕೋರ್ಟಿಗೆ ಕರ್ಕೊಂಡು ಬಾ.'

'ಅವರನ್ನ ಯಾಕೆ? ನಾನೇ ಹೇಳ್ತೀನಲ್ಲ.'

'ನೀನು ಹೇಳಿದ್ರೆ ನಂಬಲ್ಲ. ಸಂಜೆ ಬೆಳಕಲ್ಲಿ ಅವರು ಹೆಂಗಾಗ್ತಾರೆ ಅಂತ ನ್ಯಾಯಾಧೀಶರು ಕಣ್ಣಾರೆ ನೋಡ್ಬೇಕು.'

ಅಂಬುಜಾಕ್ಷಿ ಎದ್ದು ಹೊರಟೇಬಿಟ್ಟಳು. ನಾನು ಬಸಪ್ಪಾಜಿಯವರಿಗೆ ಕೈಮುಗಿದು ಅವಳ ಹಿಂದೆಯೇ ಓಡಿದೆ. ಸುಡುವ ಬಿಸಿಲಲ್ಲಿ ಅವಳು ದಾಪುಗಾಲು ಹಾಕುತ್ತಿದ್ದಳು. 'ಊರೋರ ಮುಂದೆ ನಿಲ್ಲಿಸಿ, ಇವಳು ಯಾರು ಹೇಳಿ ಅಂತ ಕೇಳಿಸ್ಬೇಕಾ? ಎಲ್ಲರೂ ಹಲ್ಲು ಕಿಸೀತಾರೆ. ಬಿಡು, ನೌಕರೀನೇ ಬಿಟ್ಟುಬಿಡ್ತೀನಿ,' ಎಂದಳು. ಬಿಡುವವಳಲ್ಲ ಎಂದು ನನಗೂ ಗೊತ್ತು, ಅವಳಿಗೂ ಗೊತ್ತು. ಆ ಕೋಲು ಹಿಡಿದು ನಡೆಯುವಾಗ ಅವಳ ನಡಿಗೆಯ ಗತ್ತೇ ಬೇರೆ. ಅದಿಲ್ಲದೆ ಅವಳು ಒಂದು ವಾರ ಬದುಕುವುದೂ ಕಷ್ಟ.

ಮನೆಗೆ ಬಂದರೆ ದೊರೆಸ್ವಾಮಿ ಗುಂಡಿಗೆ ದಾರ ಸುತ್ತುತ್ತಾ ಕೂತಿದ್ದರು. ಅವಳು ಒಳಗೆ ಹೋಗುವ ಮುಂಚೆಯೇ, 'ವಕೀಲರು ಏನಂದ್ರು?' ಎಂದರು. ಕೇರಿಯಲ್ಲಿ ಯಾವ ಸುದ್ದಿ ನಿಲ್ಲುತ್ತದೆ ಹೇಳಿ! ಅವಳು ತಡವರಿಸುತ್ತಾ, ಸಾಕ್ಷಿ ಹೇಳಲು ನೀವೂ ಬರಬೇಕಂತೆ, ನನ್ನ ಮಂಡಿ ನೋವಿನ ವಿಷಯ, ಎಂದಳು. ದೊರೆಸ್ವಾಮಿ ದಾರವನ್ನು ಹಲ್ಲಿನಲ್ಲಿ ಕಡಿದರು. 'ಬರ್ತೀನಿ, ಅದಕ್ಕೇನಂತೆ? ಕೋರ್ಟಿಗೆ ಹೋಗೋಳು ಈ ಹಳೇ ರವಿಕೇಲಿ ಹೋಗ್ಬೇಡ. ಬಾ ಇಲ್ಲಿ, ತೋಳೆತ್ತು,' ಎಂದು ಟೇಪು ಎಳೆದರು. ಅವಳು ನನ್ನ ಮುಂದೆಯೇ ತೋಳೆತ್ತಿ ನಿಂತಳು. ಅವಳ ಕಣ್ಣು ತುಂಬಿ ಬಂದಿತ್ತು. ನಾನು ನೋಡದವಳ ಹಾಗೆ ಮಿಷನ್ನಿನ ಮೇಲಿನ ಬಟ್ಟೆ ಚೂರುಗಳನ್ನು ಮಡಿಸುತ್ತಾ ನಿಂತೆ.

ವಿಚಾರಣೆಯ ದಿನ ಮೂವರೂ ಹೊರಟೆವು. ಅವಳು ಕೆಂಪು ಅಂಚಿನ ಹೊಸ ರವಿಕೆ ತೊಟ್ಟಿದ್ದಳು. ಕಾಲುವೆಯ ತನಕ ದೊರೆಸ್ವಾಮಿ ಹಾಡಿಕೊಂಡೇ ಬಂದರು. ಮಧ್ಯಾಹ್ನದ ಪೇಟೆಯಲ್ಲಿ ಮಾತು ಕಡಿಮೆಯಾಯಿತು, ಹೆಜ್ಜೆ ಸಣ್ಣದಾಯಿತು. ಸೇತುವೆಯ ಹತ್ತಿರ ಅಂಬುಜಾಕ್ಷಿ ಅವರ ಕೈಯನ್ನು ನನ್ನ ಕೈಗೆ ಕೊಟ್ಟು, 'ಅಕ್ಕ, ನೀನು ಕರ್ಕೊಂಡು ಬಾ,' ಎಂದು ತಾನು ಮುಂದೆ ನಡೆದುಬಿಟ್ಟಳು. ಹಿಂದಿರುಗಿ ನೋಡಲಿಲ್ಲ. ಅವರು ಮಂಕಾಗುವುದನ್ನು ನೋಡುವ ಧೈರ್ಯ ಅವಳಿಗಿರಲಿಲ್ಲ. ಸೇತುವೆಯ ಹಲಗೆಗಳ ಮೇಲೆ ಬೆಳಕು ಜೇನಿನ ಬಣ್ಣಕ್ಕೆ ತಿರುಗುತ್ತಿತ್ತು. ನನ್ನ ಕೈಯೊಳಗೆ ಅವರ ಕೈ ಮೆಲ್ಲಗೆ ಸಡಿಲವಾಯಿತು.

ನ್ಯಾಯಾಲಯದ ಕಿಟಕಿಗಳಿಂದ ಸಂಜೆ ಒಳಗೆ ಸುರಿಯುತ್ತಿತ್ತು. ದೀಪ ಹಚ್ಚೋಣ ಎನ್ನಿಸುವ, ಆದರೆ ಹಚ್ಚದಿದ್ದರೂ ನಡೆಯುವ ಬೆಳಕು. ಹೊರಗೆ ಎಲ್ಲೋ ಹೂವಾಡಗಿತ್ತಿ ಮೊಳ ಹಾಕುತ್ತಾ ಕೂಗುತ್ತಿದ್ದಳು. ನ್ಯಾಯಾಧೀಶರು ಶಾಲು ಹೊದ್ದ ಮುದುಕರು. ಅಲ್ಲಿ ಎಲ್ಲರೂ ಮೆಲ್ಲಗೆ ಮಾತಾಡುತ್ತಾರೆ, ಬೈಯುವಾಗಲೂ ಮೆಲ್ಲಗೆ ಬೈಯುತ್ತಾರೆ. ನನಗಂತೂ ಒಂದು ಗಳಿಗೆ ಕಣ್ಣಿಗೆ ಜೋಂಪು ಹತ್ತಿತು.

ಇಲಾಖೆಯ ವಕೀಲರು ತೆಳ್ಳನೆಯ ಮನುಷ್ಯ, ಮಾತು ಮಾತ್ರ ದಪ್ಪ. 'ಈಕೆ ತನ್ನ ಕಾಲ ಮೇಲೆ ತಾನೇ ಬಂದು ನಿಂತು ಗೆರೆ ಎಳೆಸಿಕೊಂಡಿದ್ದಾರೆ. ಯಾರೂ ಕೈ ಹಿಡಿದು ಎಳೆದು ತಂದಿಲ್ಲ. ಬಡ್ತಿಯನ್ನು ಒಪ್ಪಿಕೊಂಡ ಮೇಲೆ ವರ್ಗಾವಣೆಯನ್ನು ಪ್ರಶ್ನೆ ಮಾಡುವ ಹಕ್ಕಿಲ್ಲ. ಹೆಂಡತಿಗೆ ಹುಷಾರಿಲ್ಲ, ಗಂಡನಿಗೆ ಹುಷಾರಿಲ್ಲ ಎಂದು ಎಲ್ಲರೂ ಬಂದು ನಿಂತರೆ ಸಂಜೆಯ ಕೇರಿಯಲ್ಲಿ ಕೆಲಸ ಮಾಡುವವರು ಯಾರು?' ಎಂದರು. ಮಾತು ಸರಿಯಾಗಿಯೇ ಇತ್ತು, ಅದಕ್ಕೇ ನನಗೆ ಮೈಯೆಲ್ಲ ಉರಿಯಿತು.

ನ್ಯಾಯಾಧೀಶರು ಅಂಬುಜಾಕ್ಷಿಯನ್ನು ನೋಡಿದರು. 'ಗೆರೆ ಎಳೆಯೋವಾಗ ಯಾಕಮ್ಮ ಸುಮ್ಮನಿದ್ರಿ?'

ಬಸಪ್ಪಾಜಿ ಏನೋ ಹೇಳಲು ಬಾಯಿ ತೆರೆದರು. ಅವಳು ಅವರನ್ನು ತಡೆದಳು. 'ಆಸೆಯಾಯ್ತು ಸ್ವಾಮಿ. ಅಷ್ಟು ದಿನ ಕಾದಿದ್ದೆ. ಮನೇಲಿ ಒಬ್ಬರು ಇದ್ದಾರೆ ಅನ್ನೋದೂ ನೆನಪಾಗ್ಲಿಲ್ಲ. ಸಾಹೇಬರ ಹತ್ರ ಮಂಡಿ ನೋವು ಅಂದಿದ್ದೆ, ಅದು ಸುಳ್ಳು. ಇವರಿಗೆ ಈ ಬೆಳಕಲ್ಲಿ ನನ್ನ ಗುರುತು ಸಿಗಲ್ಲ.' ಅಷ್ಟು ಹೇಳಿ ನೆಲ ನೋಡುತ್ತಾ ನಿಂತಳು. ಹಿಂದಿನ ಬೆಂಚಿನಲ್ಲಿ ಕೂತಿದ್ದ ಅವಳ ಕಚೇರಿಯವರು ಗುಸುಗುಸು ಎಂದರು. ನಾನು ತಿರುಗಿ ದುರುಗುಟ್ಟಿ ನೋಡಿದ ಮೇಲೆ ಸುಮ್ಮನಾದರು.

ದೊರೆಸ್ವಾಮಿಯವರನ್ನು ಮುಂದೆ ಕರೆದರು. ಕಟಕಟೆಯ ಮರವನ್ನು ಬೆರಳಲ್ಲಿ ಸವರುತ್ತಾ ಹೋಗಿ ನಿಂತರು.

'ನಿಮ್ಮ ಹೆಸರು?'

'ದೊರೆಸ್ವಾಮಿ ಅಂತ. ಬಟ್ಟೆ ಹೊಲೀತೀನಿ ಸ್ವಾಮಿ.'

'ಇಲ್ಲಿ ನಿಂತಿದ್ದಾರಲ್ಲ, ಇವರು ಯಾರು ಗೊತ್ತಾ?'

ದೊರೆಸ್ವಾಮಿ ಅವಳ ಕಡೆ ತಿರುಗಿದರು. ಬಹಳ ಹೊತ್ತು ನೋಡಿದರು. ಅವಳು ತಲೆ ಎತ್ತಿದಳು. ಗುರುತು ಸಿಗದಿದ್ದರೆ ಅವಳು ಗೆಲ್ಲುತ್ತಾಳೆ, ಆದರೂ ಸಿಗಲಿ ಸಿಗಲಿ ಎಂದು ಅವಳ ಕಣ್ಣು ಬೇಡುತ್ತಿದ್ದುದು ಕೂತಲ್ಲಿಂದಲೇ ನನಗೆ ಕಾಣುತ್ತಿತ್ತು. ನಾನೂ ಹಾಗೆಯೇ ಬೇಡಿಕೊಂಡೆ. ಕೇಸು ಹಾಳಾಗಿ ಹೋಗಲಿ ಅನ್ನಿಸಿಬಿಟ್ಟಿತು.

'ಯಾರ ಮನೆಯೋರೋ ಗೊತ್ತಿಲ್ಲ ಸ್ವಾಮಿ,' ಎಂದರು ದೊರೆಸ್ವಾಮಿ. 'ಆದರೆ ರವಿಕೆ ಬಲು ಚೆನ್ನಾಗಿ ಹೊಲಿದಿದ್ದಾನೆ ಯಾರೋ. ತೋಳು ಒಂಚೂರು ಸಡಿಲ ಬಿಟ್ಟಿದ್ದಾನೆ ನೋಡಿ, ಕೈ ಎತ್ತಿ ಕೆಲಸ ಮಾಡೋರಿಗೆ ಹಂಗೇ ಬಿಡ್ಬೇಕು. ಗೊತ್ತಿದ್ದು ಹೊಲಿದಿರೋ ಕೈ ಅದು.'

ಯಾರೂ ನಗಲಿಲ್ಲ. ಇಲಾಖೆಯ ವಕೀಲರಿಗೆ ಮಾತ್ರ ಅನುಮಾನ. ನಾಟಕ ಹೇಳಿಕೊಟ್ಟು ಕರೆತಂದಿದ್ದಾರೆ ಎಂದುಕೊಂಡರೋ ಏನೋ, ಮುಂದೆ ಬಂದು, 'ನಿಮಗೆ ಮದುವೆ ಆಗಿದೆಯೇ?' ಎಂದು ಕೇಳಿದರು.

'ಆಗದೆ ಏನು?' ದೊರೆಸ್ವಾಮಿಯವರ ಮುಖ ಅರಳಿತು. 'ಅಂಬುಜಾಕ್ಷಿ ಅಂತ. ನೆರಳು ಅಳೀತಾಳೆ. ಬೆಳಗಿನ ಕೇರೀಲಿ ಯಾರನ್ನ ಬೇಕಾದ್ರೂ ಕೇಳಿ, ಅವಳು ಗೆರೆ ಹಾಕಿದ್ಲು ಅಂದ್ರೆ ಮುಗೀತು. ಈಗ ಅವಳಿಗೆ ಬಡ್ತಿ ಬಂದಿದೆ ಸ್ವಾಮಿ. ನಾನು ಕೇರಿಗೆಲ್ಲ ಪೇಡ ಹಂಚಿದೆ. ಅವಳೊಬ್ಬಳು ತಿನ್ಲಿಲ್ಲ. ಬೇಡ ಅಂತ ಬರ್ಕೊಡೋಕೆ ಓಡಾಡ್ತಾ ಇದ್ದಾಳೆ. ಕೇಳಿದ್ರೆ ಮಂಡಿ ನೋವು ಅಂತಾಳೆ. ಅವಳ ಮಂಡಿಗೆ ಏನು ಬಂದಿದೆ ರೋಗ? ಏಣಿ ಹತ್ತಿ ಸೂರು ಅಳೆಯೋಳು. ನನ್ನಿಂದ ಸ್ವಾಮಿ. ನನಗೆ ಸಂಜೆ ಆಗಿಬರಲ್ಲ. ಒಂದು ಮದುವೆಯಿಂದ ಎಬ್ಬಿಸ್ಕೊಂಡು ಬಂದವಳು ಆಮೇಲೆ ನನ್ನ ಸೇತುವೆ ದಾಟಿಸ್ಲೇ ಇಲ್ಲ, ಅಷ್ಟರಲ್ಲೇ ತಿಳ್ಕೊಂಡೆ. ಹೇಳಿದ್ರೆ ನಾನು ನೊಂದ್ಕೋತೀನಿ ಅಂತ ಅವಳು ಹೇಳಲ್ಲ. ನನಗೆ ಗೊತ್ತು ಅಂತ ತಿಳಿದ್ರೆ ಅವಳು ನೊಂದ್ಕೋತಾಳೆ ಅಂತ ನಾನೂ ಹೇಳಲ್ಲ.'

ಅವರು ಕೈಮುಗಿದರು. 'ನೀವು ದೊಡ್ಡೋರು. ಅವಳು ಬೇಡ ಅಂದ್ರೂ ನೀವು ಕೇಳ್ಬೇಡಿ. ಬಡ್ತಿ ತಪ್ಪಿಸ್ಬೇಡಿ. ಆಮೇಲೆ ನನ್ನ ಬೇಗ ಕಳಿಸ್ಕೊಡಿ, ಅವಳು ಬರೋ ಹೊತ್ತಾಯ್ತು. ನಾನು ಪಡಸಾಲೇಲಿ ಇಲ್ಲದೇ ಇದ್ರೆ ಗಾಬರಿ ಬೀಳ್ತಾಳೆ.' ಆಮೇಲೆ ಏನೋ ಹೊಳೆದವರಂತೆ ಅಂಬುಜಾಕ್ಷಿಯ ಕಡೆ ತಿರುಗಿದರು. 'ತಾಯಿ, ನೀವೂ ಆ ಕಡೆ ಹೋಗೋರಾದ್ರೆ ಒಂದು ಮಾತು ಹೇಳಿಬಿಡಿ ಅವಳಿಗೆ, ಬಂದೆ ಅಂತ.'

'ಹೇಳ್ತೀನಿ,' ಎಂದಳು ಅಂಬುಜಾಕ್ಷಿ. ಧ್ವನಿ ನಡುಗಲಿಲ್ಲ. ಎಲ್ಲಿತ್ತೋ ಆ ಗಟ್ಟಿತನ! ನಾನಂತೂ ಸೆರಗು ಬಾಯಿಗೆ ಹಾಕಿಕೊಂಡು ಅಳುತ್ತಿದ್ದೆ.

ಆಮೇಲೆ ಅವಳು ಮಾಡಿದ್ದು ಬಸಪ್ಪಾಜಿಯವರ ಆಕಳಿಕೆಯನ್ನೇ ನಿಲ್ಲಿಸಿತು. ನ್ಯಾಯಾಧೀಶರ ಕಡೆ ತಿರುಗಿ, 'ಸ್ವಾಮಿ, ನನ್ನ ಅರ್ಜಿ ಬದಲಾಯಿಸ್ಕೋತೀನಿ,' ಎಂದಳು. 'ಬಡ್ತಿ ರದ್ದು ಮಾಡಿ ಅಂತ ಕೇಳಿದ್ದೆ. ಈಗ ಕೇಳಲ್ಲ. ಅವರು ಬೇಡಿಕೊಂಡ ಮೇಲೆ ನಾನು ಹೆಂಗೆ ಬೇಡ ಅನ್ಲಿ? ನನಗೆ ಬಡ್ತೀನೂ ಬೇಕು, ಬೆಳಗಿನ ಕೇರೀನೂ ಬೇಕು.'

'ಎರಡೂ ಹೋಗಿಬಿಡುತ್ತೆ ಕಣಮ್ಮ,' ಎಂದು ಬಸಪ್ಪಾಜಿ ಪಿಸುಗುಟ್ಟಿದರು.

'ಹೋದ್ರೆ ಹೋಗ್ಲಿ. ಕೇಳದೇ ಅಂತೂ ಹೋಗೋದು ಬೇಡ.'

ನ್ಯಾಯಾಧೀಶರು ಶಾಲು ಸರಿಮಾಡಿಕೊಂಡು ಕಿಟಕಿಯ ಕಡೆ ನೋಡುತ್ತಾ ಕೂತರು. ಎಷ್ಟು ಹೊತ್ತೆಂದು ಆ ಕೇರಿಯಲ್ಲಿ ತಿಳಿಯುವುದಿಲ್ಲ. ಆಮೇಲೆ ಇಲಾಖೆಯ ವಕೀಲರನ್ನು, 'ಬಡ್ತಿ ಯಾತಕ್ಕೆ ಕೊಟ್ಟಿದ್ದು?' ಎಂದು ಕೇಳಿದರು.

'ಸೇವೆಗೆ, ಸ್ವಾಮಿ.'

'ಆ ಸೇವೆ ಮಾಡಿದ್ದು ಯಾವ ಕೇರಿಯಲ್ಲಿ?'

'ಬೆಳಗಿನ ಕೇರಿಯಲ್ಲಿ. ಆದರೆ ಅಲ್ಲಿ ಹಿರಿಯ ಮೋಜಣಿದಾರರ ಕುರ್ಚಿಯೇ ಇಲ್ಲ.'

'ಇಲ್ಲದಿದ್ದರೆ ಇಲ್ಲಿನದನ್ನು ಹೊತ್ತುಕೊಂಡು ಹೋಗಿ ಹಾಕಿಸಿ. ಕುರ್ಚಿ ಇರುವ ಕಡೆ ಮನೆ ಇರಬೇಕು ಎಂದು ತಾನೇ ನಿಮ್ಮ ನಿಯಮ? ಮನೆ ಇರುವ ಕಡೆ ಕುರ್ಚಿ ಹೋಗಬಾರದು ಎಂದು ಎಲ್ಲಿಯೂ ಬರೆದಿಲ್ಲ.' ಅವರು ಮೆಲ್ಲಗೆ, ಬೈದ ಹಾಗೂ ಅಲ್ಲ, ಮುದ್ದಿಸಿದ ಹಾಗೂ ಅಲ್ಲ, ಆದೇಶ ಹೇಳಿದರು. ಬಡ್ತಿ ಉಳಿಯತಕ್ಕದ್ದು. ವರ್ಗಾವಣೆ ರದ್ದು. ಅಂಗಳದಲ್ಲಿ ಎಳೆದ ಗೆರೆ ಲೆಕ್ಕಕ್ಕಿಲ್ಲ, ಏಕೆಂದರೆ ನೆನಪಿಲ್ಲದೆ ನಿಂತವರ ನೆರಳಿಗೆ ಗೆರೆ ಎಳೆದರೆ ಅದು ಒಪ್ಪಿಗೆಯಲ್ಲ. ನೀರು ಹಾಕಿ ತೊಳೆಸತಕ್ಕದ್ದು.

ಕಚೇರಿಯವರು ಬಂದು ಅವಳ ಕೈ ಕುಲುಕಿದರು. ಗುಸುಗುಸು ಎಂದವರೇ ಮುಂದೆ ಬಂದಿದ್ದರು, ನನಗೆ ಗುರುತು ಚೆನ್ನಾಗಿಯೇ ಇತ್ತು. ಅವಳು ಎಲ್ಲರಿಗೂ ತಲೆಯಾಡಿಸುತ್ತಾ ಬಾಗಿಲ ಕಡೆ ನೋಡುತ್ತಿದ್ದಳು. ಅಲ್ಲಿ ದೊರೆಸ್ವಾಮಿ, ಎಲ್ಲಿಗೆ ಹೋಗಬೇಕೆಂದು ತಿಳಿಯದೆ, ಒಂದು ಕಂಬ ಹಿಡಿದು ನಿಂತಿದ್ದರು.

ವಾಪಸು ಬರುವಾಗಲೂ ನಾನೇ ಅವರ ಕೈ ಹಿಡಿದಿದ್ದೆ. ಈ ಸಲ ಅಂಬುಜಾಕ್ಷಿ ಮುಂದೆ ಹೋಗಲಿಲ್ಲ, ಪಕ್ಕದಲ್ಲೇ ನಡೆದಳು. ಗುರುತಿಲ್ಲದ ಹೆಂಗಸಿಗೆ ದಾರಿ ಬಿಡುವ ಮರ್ಯಾದೆಯಿಂದ ಅವರು ಸ್ವಲ್ಪ ಸರಿದು ಸರಿದು ನಡೆಯುತ್ತಿದ್ದರು. ಸೇತುವೆ ದಾಟಿದೆವು. ಮಧ್ಯಾಹ್ನದ ಪೇಟೆ ದಾಟಿದೆವು, ಹಪ್ಪಳ ತಿರುವಿ ಹಾಕುತ್ತಿದ್ದ ನಮ್ಮ ಕೇರಿಯ ಹೆಂಗಸರು ಏನಾಯಿತೆಂದು ಕೂಗಿ ಕೇಳಿದರೆ ನಾನು ಆಮೇಲೆ ಎಂದು ಕೈ ಬೀಸಿದೆ. ಕಾಲುವೆಯ ದಂಡೆ ಹತ್ತಿದೆವು. ಎಳೆ ಬಿಸಿಲು ಎದುರಿಗೆ ಬಂತು. ನನ್ನ ಕೈಯೊಳಗಿನ ಕೈ ಗಟ್ಟಿಯಾಯಿತು, ಆಮೇಲೆ ನನ್ನ ಕೈ ಬಿಟ್ಟು ಅವಳ ಕಡೆ ಹೋಯಿತು.

'ಅಂಬೂ, ಏನಾಯ್ತೇ? ಗೆದ್ವಾ?'

ಅಂಬುಜಾಕ್ಷಿ ನಿಂತುಬಿಟ್ಟಳು. ಗೆದ್ದೆವು ಎಂದರೆ ಅವರಿಗೆ ಎಲ್ಲ ತಿಳಿಯುತ್ತದೆ. ಸೋತೆವು ಎನ್ನಲು ಅವಳಿಗೆ ಸುಳ್ಳು ಬಾರದು, ಒಂದೇ ಒಂದು ಸುಳ್ಳು ಹೇಳಿ ಅದನ್ನೂ ಎಲ್ಲರ ಮುಂದೆ ಹಿಂದಕ್ಕೆ ತೆಗೆದುಕೊಂಡು ಬಂದಿದ್ದಳು. ತುಟಿ ಕಚ್ಚಿಕೊಂಡಳು.

'ಗೆದ್ವಿ ಕಣ್ರೀ,' ಎಂದಳು. 'ಬಡ್ತೀನೂ ಉಳೀತು. ಇಲ್ಲೇ ಇರ್ಬೋದು.'

ದೊರೆಸ್ವಾಮಿ ಕಾಲುವೆಯ ನೀರು ನೋಡಿದರು. 'ಹಂಗಾದ್ರೆ ನಾನು ನಿನ್ನ ಗುರುತು ಹಿಡೀಲಿಲ್ಲ ಅನ್ನು.'

'ಇಲ್ಲ.'

'ಏನಾದ್ರೂ ಅಂದ್ನಾ? ಕೆಟ್ಟದಾಗಿ ಏನಾದ್ರೂ?'

'ನನ್ನ ಹೆಂಡ್ತಿಗೆ ಬಡ್ತಿ ಬಂದಿದೆ, ಅವಳು ಬೇಡ ಅಂದ್ರೂ ನೀವು ಕೇಳ್ಬೇಡಿ ಅಂತ ಕೈ ಮುಗಿದ್ರಿ. ಅವಳು ಬರೋ ಹೊತ್ತಾಯ್ತು, ಮನೆಗೆ ಹೋಗ್ಬೇಕು ಅಂದ್ರಿ.'

ದೊರೆಸ್ವಾಮಿ ದೊಡ್ಡದಾಗಿ ಉಸಿರು ಬಿಟ್ಟರು, ದಿನವೆಲ್ಲ ಹಿಡಿದಿಟ್ಟುಕೊಂಡಿದ್ದ ಉಸಿರು. 'ಸದ್ಯ,' ಎಂದರು. 'ನಿನ್ನ ಮರೆತಿಲ್ಲ ಹಂಗಾದ್ರೆ. ಮುಖ ಒಂದು ಮರೆತೆ, ಅಷ್ಟೇ.'

ಕೋರ್ಟಿನಲ್ಲಿ ಅಷ್ಟು ಹೊತ್ತು ಕಲ್ಲಿನ ಹಾಗೆ ನಿಂತಿದ್ದವಳು ಆಗ ಕಾಲುವೆಯ ದಂಡೆಯ ಮೇಲೆ, ಹೊಸ ರವಿಕೆ, ಮಡಿ ಸೀರೆ ಒಂದನ್ನೂ ನೋಡದೆ, ಧೂಳಿನಲ್ಲಿ ಕೂತು ಗಟ್ಟಿಯಾಗಿ ಅತ್ತಳು. ಅವರು ಪಕ್ಕದಲ್ಲಿ ಕೂತು ಅವಳ ಬೆನ್ನು ಸವರುತ್ತಿದ್ದರು. ನನಗೆ ಅಂಗಡಿ ತೆಗೆಯಬೇಕಿತ್ತು. ಹೋಗಿ ಒಲೆ ಹೊತ್ತಿಸಿ, ಇಬ್ಬರಿಗೂ ಕಾಫಿಗಿಟ್ಟೆ.